ಸದನವೇ ಪ್ರಮಾಣ: ರಾಜ್ಯ ವಿಧಾನಮಂಡಲದ ಸ್ಥಾನವೂ ಹುಬ್ಬಳ್ಳಿ ಸೀಮೆಯ ಎರಡು ಪ್ರಕರಣಗಳೂ

ಒಕ್ಕೂಟ ವ್ಯವಸ್ಥೆಯಲ್ಲಿ ರಾಜ್ಯವೊಂದರ ವಿಧಾನಮಂಡಲಕ್ಕೆ ವಾಸ್ತವವಾಗಿ ಎಷ್ಟು ಅಧಿಕಾರವಿದೆಯೆಂಬುದನ್ನು ಅರಿಯಬೇಕಾದರೆ, ಅದು ರಚಿಸಿದ ಕಾಯಿದೆಗಳನ್ನು ಎಣಿಸುವುದಕ್ಕಿಂತ, ಅದರ ಮಾತನ್ನು ಕೇಳದೆಯೇ ಏನೇನನ್ನು ಮಾಡಲು ಸಾಧ್ಯವಿದೆಯೆಂಬುದನ್ನು ವಿಚಾರಿಸುವುದು ಹೆಚ್ಚು ಫಲಕಾರಿಯಾದ ಮಾರ್ಗವೆಂದು ನಮಗೆ ತೋರುತ್ತದೆ. ರಾಜ್ಯದ ಎಲ್ಲೆಗಳನ್ನು ಅದರ ಸಮ್ಮತಿಯಿಲ್ಲದೆ ಬದಲಿಸಬಹುದೆ? ಅದರ ಮಂತ್ರಿಮಂಡಲವನ್ನು ಸದನದ ಅಭಿಪ್ರಾಯವನ್ನು ತಿಳಿಯದೆ ತೆಗೆದುಹಾಕಬಹುದೆ? ಈ ಎರಡು ಪ್ರಶ್ನೆಗಳಿಗೆ ಭಾರತ ಗಣರಾಜ್ಯದಲ್ಲಿ ದೊರೆತಿರುವ ಉತ್ತರಗಳು ಹುಬ್ಬಳ್ಳಿ ಧಾರವಾಡ ಸೀಮೆಯ ಚರಿತ್ರೆಯೊಡನೆ ಗಾಢವಾಗಿ ಹೆಣೆದುಕೊಂಡಿವೆ. ಮೊದಲನೆಯದು ಕರ್ನಾಟಕದ ಏಕೀಕರಣಕ್ಕೆ ಸಂಬಂಧಿಸಿದುದು. ಎರಡನೆಯದು ಹುಬ್ಬಳ್ಳಿಯ ವಕೀಲರೂ ಶಾಸಕರೂ ಆಗಿದ್ದ ಸೋಮಪ್ಪ ರಾಯಪ್ಪ ಬೊಮ್ಮಾಯಿಯವರ ಹೆಸರಿನಿಂದ ದೇಶದ ನ್ಯಾಯಾಲಯಗಳಲ್ಲೆಲ್ಲ ಪ್ರಸಿದ್ಧವಾಗಿರುವುದು. ಅಮೆರಿಕದ ಸಂಯುಕ್ತ ಸಂಸ್ಥಾನಗಳ ಪದ್ಧತಿಯನ್ನು ಪಕ್ಕದಲ್ಲಿರಿಸಿಕೊಂಡು ನೋಡಿದರೆ ಈ ಎರಡು ಪ್ರಕರಣಗಳ ಸ್ವರೂಪವು ಮತ್ತಷ್ಟು ಸ್ಫುಟವಾಗುವುದು.

ಹುಬ್ಬಳ್ಳಿಯ ಪೇಟೆಯ ನಡುಭಾಗದಲ್ಲಿರುವ ದುರ್ಗದಬೈಲು ನಿತ್ಯದಲ್ಲಿ ವ್ಯಾಪಾರದ ಸ್ಥಳ, ಚುನಾವಣೆಯ ಕಾಲದಲ್ಲಿ ಭಾಷಣಗಳ ಸ್ಥಳ. ಸಂಜೆಯ ಹೊತ್ತು ಗಿರ್ಮಿಟ್ಟು, ಮಿರ್ಚಿ ಭಜಿಗಳ ಗಾಡಿಗಳ ಸುತ್ತ ನೆರೆದವರು ಬೆಂಗಳೂರಿನ ಮಂತ್ರಿಮಂಡಲದ ಏಳುಬೀಳುಗಳನ್ನು ತಮ್ಮ ಮನೆಯ ವ್ಯವಹಾರವೆಂಬಂತೆ ಚರ್ಚಿಸುವುದುಂಟು. ಆದರೆ ಇವರ ಅಜ್ಜಂದಿರ ಕಾಲಕ್ಕೆ ಈ ಊರಿನ ರಾಜಧಾನಿ ಬೆಂಗಳೂರಾಗಿರಲಿಲ್ಲ. 1956ರ ಅಕ್ಟೋಬರ್ ಮುಗಿಯುವವರೆಗೂ ಧಾರವಾಡ ಜಿಲ್ಲೆಯ ಪ್ರತಿನಿಧಿಗಳು ಮುಂಬಯಿಗೆ ಹೋಗಿ, ಮರಾಠಿ ಮತ್ತು ಗುಜರಾತಿ ಭಾಷಿಕರು ಬಹುಸಂಖ್ಯಾತರಾಗಿದ್ದ ಸದನದಲ್ಲಿ ಕುಳಿತುಕೊಳ್ಳಬೇಕಾಗಿದ್ದಿತು. ಏಕೀಕರಣದ ಬೇಡಿಕೆಯನ್ನು ಸಾಮಾನ್ಯವಾಗಿ ಭಾಷಾಭಿಮಾನದ ಚಳವಳಿಯೆಂದು ವರ್ಣಿಸುವುದು ವಾಡಿಕೆ, ಅದು ತಪ್ಪಲ್ಲ. ಆದರೂ ಆ ಬೇಡಿಕೆಯ ರಾಜಕೀಯ ತಿರುಳನ್ನು ಬಿಡಿಸಿ ನೋಡಿದಾಗ, ಕನ್ನಡದ ಜನ ಕೇಳಿದುದು ತಮ್ಮದೇ ಆದ ಒಂದು ವಿಧಾನಸಭೆಯನ್ನು, ತಮ್ಮ ಮಾತಿಗೆ ಬಹುಮತದ ಬಲವಿರುವ ಒಂದು ಸದನವನ್ನು ಎಂಬುದು ಮನದಟ್ಟಾಗುತ್ತದೆ.

ಈ ಬೇಡಿಕೆಯು ಸದನದ ಒಳಗೂ ಹೊರಗೂ ಏಕಕಾಲದಲ್ಲಿ ನಡೆದುದು ಗಮನಾರ್ಹವಾಗಿದೆ. 1937ರ ಚುನಾವಣೆಗಳ ತರುವಾಯ ಮುಂಬಯಿಯ ವಿಧಾನಸಭೆಯೇ ಪ್ರತ್ಯೇಕ ಕರ್ನಾಟಕ ಪ್ರಾಂತವನ್ನು ಬೆಂಬಲಿಸುವ ನಿರ್ಣಯವನ್ನು ಅಂಗೀಕರಿಸಿದ್ದಿತು. ನಿರ್ಣಯವಾಯಿತೇ ವಿನಾ ಪ್ರಾಂತವಾಗಲಿಲ್ಲ. ಸ್ವಾತಂತ್ರ್ಯಾನಂತರವೂ ವಿಳಂಬವೇ ಮುಂದುವರಿದಾಗ, 1953ರಲ್ಲಿ ಅಂದಾನಪ್ಪ ದೊಡ್ಡಮೇಟಿಯವರು ಮುಂಬಯಿ ವಿಧಾನಸಭೆಯ ಸದಸ್ಯತ್ವವನ್ನು ತ್ಯಜಿಸಿ ತಮ್ಮ ಜಕ್ಕಲಿ ಗ್ರಾಮದಲ್ಲಿ ಉಪವಾಸಕ್ಕೆ ಕುಳಿತರು; ಅದೇ ವರ್ಷ ಹುಬ್ಬಳ್ಳಿಗೆ ಸಮೀಪದ ಅದರಗುಂಚಿಯಲ್ಲಿ ಶಂಕರಗೌಡ ಪಾಟೀಲರು ಕೈಗೊಂಡ ನಿರಶನವು ಇಡೀ ಪ್ರಾಂತವನ್ನು ಕಲಕಿ, ಹುಬ್ಬಳ್ಳಿಯ ಬೀದಿಗಳಲ್ಲಿ ಜನಕ್ಷೋಭೆಯು ಸ್ಫೋಟಿಸಿತು. ವರ್ಷಾಂತ್ಯದಲ್ಲಿ ಫಜಲ್ ಅಲಿ, ಹೃದಯನಾಥ ಕುಂಜ್ರು ಮತ್ತು ಕೆ. ಎಂ. ಪಣಿಕ್ಕರ್ ಅವರ ರಾಜ್ಯ ಪುನರ್ವಿಂಗಡಣಾ ಆಯೋಗವು ನೇಮಕವಾಯಿತು. 1955ರ ಸೆಪ್ಟೆಂಬರ್ 30ರಂದು ಅದರ ವರದಿ ಸಲ್ಲಿಕೆಯಾಯಿತು. 1956ರ ನವೆಂಬರ್ 1ರಂದು ಧಾರವಾಡ, ವಿಜಾಪುರ, ಉತ್ತರ ಕನ್ನಡ ಜಿಲ್ಲೆಗಳೂ ಚಂದಗಡವನ್ನು ಬಿಟ್ಟು ಬೆಳಗಾವಿ ಜಿಲ್ಲೆಯೂ ವಿಶಾಲ ಮೈಸೂರು ರಾಜ್ಯವನ್ನು ಸೇರಿದವು.

ಈ ಪರಿವರ್ತನೆಯಲ್ಲಿ ರಾಜ್ಯ ವಿಧಾನಮಂಡಲಗಳ ಪಾತ್ರವೇನಾಗಿದ್ದಿತು? ಸಂವಿಧಾನದ 3ನೆಯ ವಿಧಿಯ ಪ್ರಕಾರ ಹೊಸ ರಾಜ್ಯವನ್ನು ನಿರ್ಮಿಸುವ, ಎಲ್ಲೆಗಳನ್ನು ಹಿಗ್ಗಿಸುವ ಅಥವಾ ಕುಗ್ಗಿಸುವ ಅಧಿಕಾರವು ಸಂಸತ್ತಿಗೆ ಸೇರಿದುದು. ಸಂಬಂಧಪಟ್ಟ ವಿಧಾನಮಂಡಲದ ಅಭಿಪ್ರಾಯವನ್ನು ಕೇಳಬೇಕು, ಆದರೆ ಆ ಅಭಿಪ್ರಾಯಕ್ಕೆ ಸಂಸತ್ತು ಬದ್ಧವಾಗಬೇಕಾಗಿಲ್ಲ. ಅಭಿಪ್ರಾಯವನ್ನು ಕೊಡದೆಯೇ ಕಾಲಹರಣ ಮಾಡುವ ಮಾರ್ಗವೊಂದು ವಿಧಾನಮಂಡಲಗಳಿಗೆ ಉಳಿದಿದ್ದಿತು. ಪುನರ್ವಿಂಗಡಣೆಯ ಮಸೂದೆ ಬರುವ ಮುನ್ನವೇ, 1955ರ ಡಿಸೆಂಬರ್‌ನಲ್ಲಿ, ಸಂವಿಧಾನದ ಐದನೆಯ ತಿದ್ದುಪಡಿಯು ರಾಷ್ಟ್ರಪತಿಗಳು ಕಾಲಮಿತಿಯನ್ನು ಗೊತ್ತುಪಡಿಸಬಹುದೆಂದು ವಿಧಿಸಿ ಆ ಬಾಗಿಲನ್ನೂ ಮುಚ್ಚಿತು. ಇಷ್ಟಕ್ಕೇ ನಿಲ್ಲಲಿಲ್ಲ. ಮುಂಬಯಿ ರಾಜ್ಯವನ್ನು ಮೂರು ಘಟಕಗಳಾಗಿ ವಿಭಜಿಸುವ ಮಸೂದೆಯ ಮೇಲೆ ವಿಧಾನಮಂಡಲದ ಅಭಿಪ್ರಾಯವನ್ನು ಪಡೆದ ಬಳಿಕ, ಸಂಸತ್ತು ಆ ಯೋಜನೆಯನ್ನೇ ಬದಲಿಸಿ ದ್ವಿಭಾಷಾ ಮುಂಬಯಿ ರಾಜ್ಯವನ್ನು ರಚಿಸಿದಾಗ, ಹೀಗೆ ಬದಲಾದ ಯೋಜನೆಯನ್ನು ಮರಳಿ ವಿಧಾನಮಂಡಲಕ್ಕೆ ಒಪ್ಪಿಸಬೇಕಾಗಿತ್ತೆಂಬ ವಾದವು ಬಾಬುಲಾಲ್ ಪರಾಟೆ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯದ ಮುಂದೆ ಬಂದಿತು. 1959ರಲ್ಲಿ ನ್ಯಾಯಾಲಯವು ಆ ವಾದವನ್ನು ತಿರಸ್ಕರಿಸಿತು. ಧಾರವಾಡವನ್ನು ಕನ್ನಡ ರಾಜ್ಯಕ್ಕೆ ಸೇರಿಸಿದ ಕಾಯಿದೆಯೂ ಈ ಮೊಕದ್ದಮೆಗೆ ಕಾರಣವಾದ ಕಾಯಿದೆಯೂ ಒಂದೇ ಎಂಬುದನ್ನು ನಮ್ಮ ಏಕೀಕರಣದ ಇತಿಹಾಸಕಾರರು ಸಾಕಷ್ಟು ಗಮನಿಸಿಲ್ಲವೆಂದೇ ನಮ್ಮ ಭಾವನೆ.

ಅಮೆರಿಕದಲ್ಲಿ ಸ್ಥಿತಿ ಇದಕ್ಕೆ ವಿರುದ್ಧವಾದುದು. ಅಲ್ಲಿಯ ಸಂವಿಧಾನದ ನಾಲ್ಕನೆಯ ವಿಧಿಯು, ಇರುವ ರಾಜ್ಯವನ್ನು ಒಡೆದು ಅಥವಾ ರಾಜ್ಯಗಳನ್ನು ಕೂಡಿಸಿ ಹೊಸ ರಾಜ್ಯವನ್ನು ರಚಿಸಬೇಕಾದರೆ ಕಾಂಗ್ರೆಸ್ಸಿನ ಒಪ್ಪಿಗೆಯ ಜೊತೆಗೆ ಆಯಾ ರಾಜ್ಯಗಳ ವಿಧಾನಮಂಡಲಗಳ ಸಮ್ಮತಿಯೂ ಬೇಕೆಂದು ಹೇಳುತ್ತದೆ. 1820ರಲ್ಲಿ ಮೇನ್ ಪ್ರಾಂತವು ಮೆಸಾಚುಸೆಟ್ಸಿನಿಂದ ಬೇರೆಯಾದುದು ಅಂತಹ ಸಮ್ಮತಿಯಿಂದಲೇ. ಅಂತರ್ಯುದ್ಧದ ನಡುವೆ 1863ರಲ್ಲಿ ಪಶ್ಚಿಮ ವರ್ಜೀನಿಯವು ಹುಟ್ಟಿದಾಗ ಕೂಡ, ಒಕ್ಕೂಟಕ್ಕೆ ನಿಷ್ಠವಾಗಿ ಉಳಿದ ವರ್ಜೀನಿಯ ಸರಕಾರವೊಂದರ ಸಮ್ಮತಿಯನ್ನು ಪಡೆದು ವಿಧಿಯ ಅಕ್ಷರವನ್ನು ಪಾಲಿಸಲಾಯಿತು. ನಮ್ಮಲ್ಲಿಯಾದರೋ 2014ರ ಜನವರಿಯಲ್ಲಿ ಆಂಧ್ರಪ್ರದೇಶದ ವಿಧಾನಸಭೆಯು ವಿಭಜನೆಯ ಮಸೂದೆಯನ್ನು ತಿರಸ್ಕರಿಸಿದರೂ ಅದೇ ವರ್ಷದ ಜೂನ್ 2ರಂದು ತೆಲಂಗಾಣ ರಾಜ್ಯವು ಅಸ್ತಿತ್ವಕ್ಕೆ ಬಂದಿತು.

ಹೆಸರಿನ ವಿಷಯದಲ್ಲಿಯೂ ಹೀಗೆಯೇ. ಮೈಸೂರು ರಾಜ್ಯಕ್ಕೆ ಕರ್ನಾಟಕವೆಂಬ ಹೆಸರಿಡಬೇಕೆಂದು ಉತ್ತರದ ಜಿಲ್ಲೆಗಳ ಜನ ಒಂದೂವರೆ ದಶಕ ಒತ್ತಾಯಿಸಿದ ತರುವಾಯ, ದೇವರಾಜ ಅರಸರ ಕಾಲದಲ್ಲಿ, 1972ರ ಜುಲೈ ತಿಂಗಳಲ್ಲಿ ವಿಧಾನಸಭೆಯು ನಿರ್ಣಯವನ್ನು ಸ್ವೀಕರಿಸಿತು. ಆದರೆ ಆ ನಿರ್ಣಯಕ್ಕೆ ಕಾಯಿದೆಯ ಬಲ ಬಂದುದು ಸಂಸತ್ತು 1973ರಲ್ಲಿ ಹೆಸರು ಬದಲಾವಣೆಯ ಅಧಿನಿಯಮವನ್ನು ಮಾಡಿದ ಮೇಲೆಯೇ. ಅಮೆರಿಕದಲ್ಲಾದರೋ ರೋಡ್ ಐಲೆಂಡ್ ರಾಜ್ಯವು 2020ರ ನವೆಂಬರ್‌ನಲ್ಲಿ ತನ್ನ ಅಧಿಕೃತ ನಾಮಧೇಯದ ಒಂದು ಭಾಗವನ್ನು ತನ್ನ ಮತದಾರರ ತೀರ್ಪಿನಿಂದಲೇ ಕೈಬಿಟ್ಟಿತು. ವಾಷಿಂಗ್ಟನ್ನಿನ ಅಪ್ಪಣೆ ಅದಕ್ಕೆ ಬೇಕಾಗಲಿಲ್ಲ.

ಹಾಗೆಂದು ನಮ್ಮ 3ನೆಯ ವಿಧಿಯನ್ನು ಕೇವಲ ನ್ಯೂನತೆಯೆಂದು ನಿಂದಿಸುವುದು ಕೃತಘ್ನತೆಯಾದೀತು. ಮುಂಬಯಿ, ಮದರಾಸು, ಹೈದರಾಬಾದು ಹಾಗೂ ಮೈಸೂರು ವಿಧಾನಮಂಡಲಗಳ ಸಮ್ಮತಿಯೇ ಅನಿವಾರ್ಯವಾಗಿದ್ದ ಪಕ್ಷದಲ್ಲಿ, ಎಲ್ಲ ಕನ್ನಡ ಸೀಮೆಗಳನ್ನು ಒಂದುಗೂಡಿಸುವ ಕಾರ್ಯವು ಎಷ್ಟು ತೊಡಕಿನದಾಗುತ್ತಿತ್ತೆಂಬುದನ್ನು ಊಹಿಸುವುದು ಕಷ್ಟವಲ್ಲ. ಹಳೆಯ ಮೈಸೂರಿನಲ್ಲಿಯೇ ಕೆಂಗಲ್ ಹನುಮಂತಯ್ಯನವರಂತಹವರು ಏಕೀಕರಣವನ್ನು ಎತ್ತಿಹಿಡಿದಂತೆ, ಅದನ್ನು ಶಂಕಿಸಿದವರೂ ಅಲ್ಪಸಂಖ್ಯೆಯವರಾಗಿರಲಿಲ್ಲ. ವಿಧಾನಮಂಡಲಗಳನ್ನು ದುರ್ಬಲವಾಗಿರಿಸಿದ ಅದೇ ವಿಧಿಯಿಂದಲೇ ನಮಗೆ ನಮ್ಮ ವಿಧಾನಮಂಡಲವು ಲಭಿಸಿತು. ಹೀಗೆ ಲಭಿಸಿದುದನ್ನು ಕಾಪಾಡಿಕೊಳ್ಳುವ ಪ್ರಶ್ನೆಯು ಮುಂದೆ ಮೂವತ್ತಮೂರು ವರ್ಷಗಳ ತರುವಾಯ ಇನ್ನೊಂದು ವಿಧಿಯ ರೂಪದಲ್ಲಿ ಎದುರಾಯಿತು.

ಅದು 356ನೆಯ ವಿಧಿ. ರಾಜ್ಯದ ಆಡಳಿತವನ್ನು ಸಂವಿಧಾನಕ್ಕೆ ಅನುಸಾರವಾಗಿ ನಡೆಸುವುದು ಅಶಕ್ಯವಾಗಿದೆಯೆಂದು ರಾಜ್ಯಪಾಲರ ವರದಿಯಿಂದಾಗಲಿ ಅನ್ಯಥಾ ಆಗಲಿ ರಾಷ್ಟ್ರಪತಿಗಳಿಗೆ ಮನವರಿಕೆಯಾದರೆ ಅವರು ರಾಜ್ಯದ ಆಡಳಿತವನ್ನು ವಹಿಸಿಕೊಳ್ಳಬಹುದು. ಸಂವಿಧಾನ ಸಭೆಯಲ್ಲಿ ಈ ಅಧಿಕಾರದ ಬಗ್ಗೆ ಭೀತಿ ವ್ಯಕ್ತವಾದಾಗ, ಇಂತಹ ವಿಧಿಗಳು ಎಂದೂ ಬಳಕೆಗೆ ಬಾರದೆ ಉಳಿಯಲೆಂದು ಡಾ. ಅಂಬೇಡ್ಕರರು ಆಶಿಸಿದ್ದರು. ಆ ಆಶೆ ಕೈಗೂಡಲಿಲ್ಲ: 1951ರಲ್ಲಿ ಪಂಜಾಬಿನಿಂದ ಮೊದಲಾಗಿ, 1959ರಲ್ಲಿ ಕೇರಳ, 1977 ಹಾಗೂ 1980ರಲ್ಲಿ ಒಂದೊಂದೇ ಬಾರಿಗೆ ಒಂಬತ್ತು ಒಂಬತ್ತು ರಾಜ್ಯಗಳು ಇದಕ್ಕೆ ಗುರಿಯಾದವು, ಕರ್ನಾಟಕವೂ 1971ರಲ್ಲಿ ಮತ್ತು 1977ರ ಕೊನೆಯ ದಿನದಂದು ಇದರ ಅನುಭವವನ್ನು ಪಡೆಯಿತು. ಅಮೆರಿಕದ ಸಂವಿಧಾನದಲ್ಲಿಯೂ ಒಕ್ಕೂಟವು ಪ್ರತಿಯೊಂದು ರಾಜ್ಯಕ್ಕೂ ಗಣತಂತ್ರ ಸ್ವರೂಪದ ಸರಕಾರದ ಭರವಸೆಯನ್ನು ಕೊಡತಕ್ಕದ್ದೆಂಬ ವಾಕ್ಯವಿದೆ. ಆದರೆ ಆಂತರಿಕ ದೊಂಬಿಯ ಸಂದರ್ಭದಲ್ಲಿ ಒಕ್ಕೂಟವು ರಾಜ್ಯಕ್ಕೆ ರಕ್ಷಣೆ ನೀಡಬೇಕಾದುದು ಆ ರಾಜ್ಯದ ವಿಧಾನಮಂಡಲದ ಕೋರಿಕೆಯ ಮೇಲೆ, ವಿಧಾನಮಂಡಲವನ್ನು ಸೇರಿಸಲು ಸಾಧ್ಯವಿಲ್ಲದಾಗ ಮಾತ್ರ ಕಾರ್ಯಾಂಗದ ಕೋರಿಕೆಯ ಮೇಲೆ. ಅಲ್ಲಿ ಕೇಂದ್ರವನ್ನು ಕರೆಯುವವರು ಜನರ ಪ್ರತಿನಿಧಿಗಳು; ಇಲ್ಲಿ ಕೇಂದ್ರವನ್ನು ಕರೆಯುವವರು ಕೇಂದ್ರವೇ ನೇಮಿಸಿದ ರಾಜ್ಯಪಾಲರು. 1957ರಲ್ಲಿ ಲಿಟಲ್ ರಾಕ್ ನಗರದ ಶಾಲೆಗೆ ಆಫ್ರಿಕನ್ ಅಮೆರಿಕನ್ ಮಕ್ಕಳ ಪ್ರವೇಶವನ್ನು ಆರ್ಕನ್ಸಾ ರಾಜ್ಯದ ಗವರ್ನರು ತಡೆದಾಗ, ಅಧ್ಯಕ್ಷ ಐಸೆನ್‌ಹೋವರ್ ಅವರು ಸೈನ್ಯವನ್ನು ಕಳುಹಿಸಿದರೇ ಹೊರತು ಗವರ್ನರನ್ನು ತೆಗೆಯಲಿಲ್ಲ, ವಿಧಾನಮಂಡಲವನ್ನು ಮುಟ್ಟಲಿಲ್ಲ. ತೆಗೆಯುವ ಅಧಿಕಾರವೇ ಅವರಿಗಿರಲಿಲ್ಲ. ಅಂತರ್ಯುದ್ಧದ ತರುವಾಯ 1867ರಲ್ಲಿ ದಕ್ಷಿಣದ ಹತ್ತು ರಾಜ್ಯಗಳನ್ನು ಸೈನ್ಯಾಧಿಕಾರಿಗಳ ವಶಕ್ಕೆ ಒಪ್ಪಿಸಿದುದೊಂದು ಅಪವಾದ. ಆದರೆ ಅದು ಮಹಾಯುದ್ಧವೊಂದರ ಶೇಷವಾಗಿದ್ದಿತು.

ಮುಂದೆ ಈ 356ನೆಯ ವಿಧಿಗೆ ಗುರಿಯಾದ, ಹುಬ್ಬಳ್ಳಿ ಗ್ರಾಮೀಣ ಕ್ಷೇತ್ರದ ಪ್ರತಿನಿಧಿಯಾಗಿದ್ದ ಬೊಮ್ಮಾಯಿಯವರು ಹಿಂದಿನ ಧಾರವಾಡ ಜಿಲ್ಲೆಯ ಕಾರಡಗಿಯಲ್ಲಿ 1924ರಲ್ಲಿ ಜನಿಸಿದವರು, ಎಂ. ಎನ್. ರಾಯ್ ಅವರ ವಿಚಾರಗಳ ಪ್ರಭಾವಕ್ಕೆ ಒಳಗಾಗಿ, ಏಕೀಕರಣದ ಹೋರಾಟದಲ್ಲಿಯೂ ಪಾಲುಗೊಂಡು, ವಕೀಲಿ ವೃತ್ತಿಯಿಂದ ಶಾಸನಸಭೆಗೆ ಬಂದವರು. ರಾಮಕೃಷ್ಣ ಹೆಗಡೆಯವರ ರಾಜೀನಾಮೆಯ ಬಳಿಕ 1988ರ ಆಗಸ್ಟ್ 13ರಂದು ಮುಖ್ಯಮಂತ್ರಿಗಳಾದರು. ಮರುವರ್ಷ ಏಪ್ರಿಲ್ 15ರಂದು ಮಂತ್ರಿಮಂಡಲವನ್ನು ವಿಸ್ತರಿಸಿದ ಎರಡೇ ದಿನಗಳಲ್ಲಿ ಆಳುವ ಪಕ್ಷದ ಶಾಸಕರಾದ ಮೊಳಕೇರಿಯವರು ರಾಜ್ಯಪಾಲ ಪಿ. ವೆಂಕಟಸುಬ್ಬಯ್ಯನವರನ್ನು ಕಂಡು, ತಮ್ಮ ಪತ್ರದೊಡನೆ ಇನ್ನೂ ಹತ್ತೊಂಬತ್ತು ಶಾಸಕರ ಸಹಿಗಳಿದ್ದವೆಂದು ಹೇಳಲಾದ ಪತ್ರಗಳನ್ನು ಒಪ್ಪಿಸಿದರು. ಬೆಂಬಲವನ್ನು ಹಿಂತೆಗೆದುಕೊಂಡಿರುವುದಾಗಿ ಆ ಪತ್ರಗಳ ತಾತ್ಪರ್ಯ. ಏಪ್ರಿಲ್ 19ರಂದು ರಾಜ್ಯಪಾಲರು ರಾಷ್ಟ್ರಪತಿಗಳಿಗೆ ವರದಿ ಕಳುಹಿಸಿ, ಮುಖ್ಯಮಂತ್ರಿಗಳು ಬಹುಮತವನ್ನು ಕಳೆದುಕೊಂಡಿರುವರೆಂದು ತಿಳಿಸಿದರು. ಮರುದಿನವೇ ಆ ಹತ್ತೊಂಬತ್ತು ಮಂದಿಯಲ್ಲಿ ಏಳು ಮಂದಿ, ತಮ್ಮ ಸಹಿಗಳನ್ನು ತಪ್ಪು ತಿಳಿವಳಿಕೆ ಕೊಟ್ಟು ಪಡೆಯಲಾಯಿತೆಂದೂ ತಾವು ಮಂತ್ರಿಮಂಡಲವನ್ನೇ ಬೆಂಬಲಿಸುವುದಾಗಿಯೂ ಬರೆದುಕೊಟ್ಟರು. ಮುಖ್ಯಮಂತ್ರಿಗಳು ತಮ್ಮ ಕಾನೂನು ಮಂತ್ರಿಗಳೊಡನೆ ರಾಜ್ಯಪಾಲರನ್ನು ಕಂಡು, ಏಪ್ರಿಲ್ 27ರಂದು ವಿಧಾನಸಭೆಯು ಸೇರಲಿರುವುದೆಂದೂ, ಬೇಕಾದರೆ ಅದಕ್ಕೂ ಮುಂಚೆಯೇ ಸೇರಿಸಿ ಬಹುಮತವನ್ನು ರುಜುವಾತುಪಡಿಸಲು ಸಿದ್ಧರಿರುವುದಾಗಿಯೂ ವಿನಂತಿಸಿದರು. ರಾಷ್ಟ್ರಪತಿಗಳಿಗೂ ಟೆಲೆಕ್ಸ್ ಮೂಲಕ ಅದನ್ನೇ ಅರಿಕೆ ಮಾಡಿಕೊಂಡರು. ರಾಜ್ಯಪಾಲರಿಂದ ಹೋದುದು ಎರಡನೆಯ ವರದಿ. ಏಪ್ರಿಲ್ 21ರಂದು ರಾಷ್ಟ್ರಪತಿಗಳ ಘೋಷಣೆ ಹೊರಬಿದ್ದು ಮಂತ್ರಿಮಂಡಲವು ವಜಾ ಆಯಿತು, ವಿಧಾನಸಭೆಯು ವಿಸರ್ಜಿತವಾಯಿತು. ಸದನವು ಸೇರಬೇಕಾಗಿದ್ದ ದಿನಕ್ಕೆ ಇನ್ನು ಆರೇ ದಿನಗಳಿದ್ದವು.

ಈ ದಿನಾಂಕಗಳ ಸರಣಿಯನ್ನು ಇಷ್ಟು ವಿಸ್ತಾರವಾಗಿ ಹೇಳಿದುದಕ್ಕೆ ಕಾರಣವಿದೆ. ಮುಚ್ಚಿದ ಕೋಣೆಯಲ್ಲಿ ಒಪ್ಪಿಸಿದ ಪತ್ರವೊಂದು ಕೆಲವೇ ದಿನಗಳಲ್ಲಿ ಹೇಗೆ ತಿರುಗಿಬೀಳಬಹುದೆಂಬುದನ್ನೂ, ಅಂತಹ ಪತ್ರದ ಸತ್ಯಾಸತ್ಯತೆಯನ್ನು ಪರೀಕ್ಷಿಸುವ ಸಾಧನ ರಾಜಭವನದಲ್ಲಿ ಇಲ್ಲವೆಂಬುದನ್ನೂ ಈ ಸರಣಿಯೇ ತೋರಿಸಿಕೊಡುತ್ತದೆ. ಶಾಸಕನೊಬ್ಬನು ಸದನದಲ್ಲಿ ಎದ್ದುನಿಂತು ಕೊಡುವ ಮತಕ್ಕೆ ಸಭಾಧ್ಯಕ್ಷರು ಸಾಕ್ಷಿ, ವಿರೋಧಪಕ್ಷ ಸಾಕ್ಷಿ, ಪ್ರೇಕ್ಷಕರ ಮೊಗಸಾಲೆಯಲ್ಲಿ ಕುಳಿತ ಪತ್ರಿಕೆಯವರು ಸಾಕ್ಷಿ, ಅವನ ಮತದಾರರು ಸಾಕ್ಷಿ. ಅದನ್ನು ಮರುದಿನ ಅಲ್ಲಗಳೆಯುವಂತಿಲ್ಲ. ಹೀಗಿದ್ದರೂ ಕರ್ನಾಟಕದ ಉಚ್ಚ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ವಿಶೇಷ ಪೀಠವು, ಸದನದಲ್ಲಿ ಬಲಪರೀಕ್ಷೆ ನಡೆಸುವುದು ರಾಜ್ಯಪಾಲರಿಗೆ ಕಡ್ಡಾಯವಲ್ಲವೆಂದು ಹೇಳಿ ಅರ್ಜಿಯನ್ನು ವಜಾ ಮಾಡಿತು. ಇದಕ್ಕೂ ಮುನ್ನವೇ ರಾಜ್ಯಪಾಲರ ಸಮಿತಿಯೊಂದೂ, 1983ರಲ್ಲಿ ನೇಮಕಗೊಂಡ ಸರ್ಕಾರಿಯಾ ಆಯೋಗವೂ ಸದನವೇ ಬಹುಮತವನ್ನು ತೀರ್ಮಾನಿಸುವ ಸ್ಥಳವೆಂದು ಸ್ಪಷ್ಟವಾಗಿ ಅಭಿಪ್ರಾಯಪಟ್ಟಿದ್ದುವು. ಆ ಅಭಿಪ್ರಾಯಗಳಿಗೆ ಶಾಸನದ ಬಲ ಬಂದಿರಲಿಲ್ಲ.

ಮೇಲ್ಮನವಿಯು ಸರ್ವೋಚ್ಚ ನ್ಯಾಯಾಲಯದ ಒಂಬತ್ತು ನ್ಯಾಯಮೂರ್ತಿಗಳ ಪೀಠದ ಮುಂದೆ, ನಾಗಾಲ್ಯಾಂಡ್, ಮೇಘಾಲಯಗಳ ಪ್ರಕರಣಗಳೊಡನೆಯೂ, 1992ರ ಡಿಸೆಂಬರ್‌ನಲ್ಲಿ ವಜಾಗೊಂಡ ಮಧ್ಯಪ್ರದೇಶ, ರಾಜಸ್ಥಾನ, ಹಿಮಾಚಲ ಪ್ರದೇಶಗಳ ಸರಕಾರಗಳ ಪ್ರಕರಣಗಳೊಡನೆಯೂ ಕೂಡಿ ವಿಚಾರಣೆಗೆ ಬಂದು, 1994ರ ಮಾರ್ಚ್ 11ರಂದು ತೀರ್ಮಾನವಾಯಿತು. ಕೊನೆಯ ಮೂರು ರಾಜ್ಯಗಳ ಘೋಷಣೆಗಳು ಊರ್ಜಿತವಾದುವು. ಮೊದಲ ಮೂರು, ಕರ್ನಾಟಕದ್ದೂ ಸೇರಿ, ಅಸಾಂವಿಧಾನಿಕವೆಂದು ನಿರ್ಣಯವಾದುವು. ನ್ಯಾಯಮೂರ್ತಿಗಳಾದ ಸಾವಂತ್ ಮತ್ತು ಜೀವನ್ ರೆಡ್ಡಿಯವರ ಅಭಿಪ್ರಾಯಗಳಿಂದ ರೂಪುಗೊಂಡ ಬಹುಮತದ ತೀರ್ಪು ಹೇಳಿದುದಿಷ್ಟು: ರಾಷ್ಟ್ರಪತಿಗಳ ಘೋಷಣೆಯು ನ್ಯಾಯಾಲಯದ ವಿಮರ್ಶೆಗೆ ಅತೀತವಲ್ಲ, ಮಂತ್ರಿಮಂಡಲದ ಬಲವನ್ನು ಅಳೆಯಬೇಕಾದುದು ಸದನದಲ್ಲಿಯೇ ಹೊರತು ರಾಜ್ಯಪಾಲರ ಖಾಸಗಿ ಅಭಿಪ್ರಾಯದಲ್ಲಲ್ಲ, ಸಂಸತ್ತಿನ ಎರಡೂ ಸದನಗಳು ಘೋಷಣೆಯನ್ನು ಅನುಮೋದಿಸುವ ತನಕ ವಿಧಾನಸಭೆಯನ್ನು ವಿಸರ್ಜಿಸಕೂಡದು, ಅಮಾನತಿನಲ್ಲಿ ಇಡಬಹುದಷ್ಟೆ, ಘೋಷಣೆಯು ಅಸಿಂಧುವೆಂದು ಕಂಡುಬಂದಲ್ಲಿ ನ್ಯಾಯಾಲಯವು ಹಿಂದಿನ ಸರಕಾರವನ್ನೂ ಸಭೆಯನ್ನೂ ಪುನಃ ಸ್ಥಾಪಿಸಬಹುದು. ರಾಜ್ಯಗಳು ಕೇಂದ್ರದ ಅನುಬಂಧಗಳಲ್ಲ, ತಮಗೆ ವಿಹಿತವಾದ ಕ್ಷೇತ್ರದಲ್ಲಿ ಪರಮಾಧಿಕಾರವುಳ್ಳವೆಂಬ ಮಾತನ್ನೂ ತೀರ್ಪು ಒಳಗೊಂಡಿತು. ಒಕ್ಕೂಟ ತತ್ತ್ವದ ಬಗ್ಗೆ ನಮ್ಮ ಅತ್ಯುಚ್ಚ ಪೀಠದಿಂದ ಹೊರಟ ಮಾತುಗಳಲ್ಲಿ ಇದಕ್ಕಿಂತ ಮಹತ್ತ್ವದ ಇನ್ನೊಂದನ್ನು ನಾವು ಕಾಣೆವು.

ಬೊಮ್ಮಾಯಿಯವರಿಗೆ ಇದರಿಂದ ಅಧಿಕಾರವು ಮರಳಿ ಬರಲಿಲ್ಲ. 1989ರ ನವೆಂಬರ್ ಚುನಾವಣೆಯಲ್ಲಿ ಹೊಸ ವಿಧಾನಸಭೆ ರಚಿತವಾಗಿ, ವೀರೇಂದ್ರ ಪಾಟೀಲರೂ ಅವರ ಅನಂತರದವರೂ ಆಳಿದ್ದರು. ಗತಿಸಿದ ಸಭೆಯನ್ನು ಎಬ್ಬಿಸುವುದು ನ್ಯಾಯಾಲಯಕ್ಕೂ ಶಕ್ಯವಿರಲಿಲ್ಲ. ತೀರ್ಪಿನ ಫಲವನ್ನು ಉಂಡವರು ಬೇರೆ ರಾಜ್ಯಗಳವರು. 1999ರ ಫೆಬ್ರವರಿಯಲ್ಲಿ ಬಿಹಾರದ ರಾಬ್ಡಿದೇವಿಯವರ ಸರಕಾರವನ್ನು ವಜಾ ಮಾಡಿದ ಕೇಂದ್ರವು, ರಾಜ್ಯಸಭೆಯಲ್ಲಿ ಅನುಮೋದನೆ ದೊರೆಯದೆಂದು ಕಂಡು ಮಾರ್ಚ್‌ನಲ್ಲಿ ಘೋಷಣೆಯನ್ನು ಹಿಂತೆಗೆದುಕೊಳ್ಳಬೇಕಾಯಿತು. ವಿಧಾನಸಭೆಯು ವಿಸರ್ಜಿತವಾಗದೆ ಉಳಿದಿದ್ದುದರಿಂದಲೇ ಆ ಸರಕಾರವು ಮರಳಿತು. ರಾಜ್ಯಸಭೆಯನ್ನು ಆರಿಸುವವರು ವಿಧಾನಸಭೆಗಳ ಸದಸ್ಯರಾದುದರಿಂದ, ಇಲ್ಲಿ ರಾಜ್ಯಗಳ ಪ್ರತಿನಿಧಿಗಳು ರಾಜ್ಯವೊಂದನ್ನು ಕಾಪಾಡಿದರೆಂದೇ ಹೇಳಬಹುದಾಗಿದೆ. ಅಮೆರಿಕದ ವಿಧಾನಮಂಡಲಗಳು ಸೆನೆಟರುಗಳನ್ನು ಆರಿಸುವ ತಮ್ಮ ಅಧಿಕಾರವನ್ನು 1913ರ ಹದಿನೇಳನೆಯ ತಿದ್ದುಪಡಿಯಿಂದ ಜನರಿಗೆ ಬಿಟ್ಟುಕೊಟ್ಟವು. ನಮ್ಮಲ್ಲಿ ಆ ಅಧಿಕಾರ ಉಳಿದಿದೆ. ಆದರೆ ಅಭ್ಯರ್ಥಿಯು ಆ ರಾಜ್ಯದ ನಿವಾಸಿಯಾಗಿರಬೇಕೆಂಬ ನಿಯಮವನ್ನು 2003ರಲ್ಲಿ ತೆಗೆದುಹಾಕಲಾಗಿ, 2006ರಲ್ಲಿ ಕುಲದೀಪ್ ನಯ್ಯರ್ ಮೊಕದ್ದಮೆಯಲ್ಲಿ ನ್ಯಾಯಾಲಯವೂ ಅದನ್ನು ಒಪ್ಪಿತು. ಇದು ರಾಜ್ಯಗಳಿಗಾದ ನಷ್ಟವೆಂದೇ ನಾವು ಭಾವಿಸುತ್ತೇವೆ.

2016ರ ಮಾರ್ಚ್ 27ರಂದು, ವಿಶ್ವಾಸಮತಕ್ಕೆ ಗೊತ್ತಾಗಿದ್ದ ದಿನದ ಮುನ್ನಾದಿನ, ಉತ್ತರಾಖಂಡದಲ್ಲಿ 1989ರ ಕಥೆಯೇ ಪುನರಾವರ್ತನೆಯಾಯಿತು. ಆದರೆ ಈ ಸಲ ನ್ಯಾಯಾಲಯದ ಆಜ್ಞೆಯಂತೆ ಮೇ 10ರಂದು ಸದನದಲ್ಲಿ ಮತದಾನ ನಡೆದು ಹರೀಶ್ ರಾವತ್ ಅವರ ಸರಕಾರವು ಗೆದ್ದಿತು. 2018ರ ಮೇ ತಿಂಗಳಲ್ಲಿ ಕರ್ನಾಟಕದಲ್ಲಿಯೇ, ಬಹುಮತವನ್ನು ತೋರಿಸಲು ಯಡಿಯೂರಪ್ಪನವರಿಗೆ ರಾಜ್ಯಪಾಲ ವಜುಭಾಯಿ ವಾಲಾ ಅವರು ಕೊಟ್ಟಿದ್ದ ಹದಿನೈದು ದಿನಗಳ ಅವಧಿಯನ್ನು ಸರ್ವೋಚ್ಚ ನ್ಯಾಯಾಲಯವು ಮೊಟಕುಗೊಳಿಸಿ, 19ರಂದು ಸಂಜೆ ನಾಲ್ಕು ಗಂಟೆಗೆ ಪರೀಕ್ಷೆ ನಡೆಯಲೆಂದು ವಿಧಿಸಿತು. ಮತದಾನಕ್ಕೆ ಮುನ್ನವೇ ಅವರು ರಾಜೀನಾಮೆಯಿತ್ತರು.

ಇಷ್ಟರಿಂದ ಸದನದ ಪ್ರಾಮಾಣ್ಯವು ಸಂಪೂರ್ಣವಾಗಿ ಸ್ಥಾಪಿತವಾಯಿತೆನ್ನಬಹುದೆ? ಅಮೆರಿಕದ ಗವರ್ನರು ನಿಶ್ಚಿತ ಅವಧಿಗೆ ಜನರಿಂದ ನೇರವಾಗಿ ಆಯ್ಕೆಯಾದವನಾದುದರಿಂದ ಅಲ್ಲಿಯ ವಿಧಾನಮಂಡಲವು ಸರಕಾರವನ್ನು ದಿನದಿನವೂ ತೂಗಬೇಕಾಗಿಲ್ಲ. ನಮ್ಮ ಮುಖ್ಯಮಂತ್ರಿಯ ಬಾಳು ಸದನದ ವಿಶ್ವಾಸವನ್ನೇ ನೆಚ್ಚಿರುವುದರಿಂದ, ಸದನಕ್ಕೆ ಯಾರು ಬರುವರು, ಯಾರು ಬಾರರು ಎಂಬುದೇ ಇಲ್ಲಿ ನಿರ್ಣಾಯಕ. ಬೊಮ್ಮಾಯಿ ತೀರ್ಪು ಸದಸ್ಯನು ಸದನಕ್ಕೆ ಬಂದೇ ಬರುವನೆಂಬುದನ್ನು ಗೃಹೀತವಾಗಿ ಇಟ್ಟುಕೊಂಡಿದ್ದಿತು. 2019ರ ಜುಲೈನಲ್ಲಿ ಕರ್ನಾಟಕದ ಆಳುವ ಮೈತ್ರಿಕೂಟದ ಕೆಲವು ಶಾಸಕರು ರಾಜೀನಾಮೆಯ ಪತ್ರಗಳನ್ನು ಕೊಟ್ಟು ಮುಂಬಯಿಯಲ್ಲಿ ತಂಗಿದರು. ಅವರಲ್ಲಿ ಹದಿನೈದು ಮಂದಿಯನ್ನು ಅಧಿವೇಶನದಲ್ಲಿ ಭಾಗವಹಿಸುವಂತೆ ಬಲಾತ್ಕರಿಸಕೂಡದೆಂದು ಸರ್ವೋಚ್ಚ ನ್ಯಾಯಾಲಯವು ಜುಲೈ 17ರಂದು ಮಧ್ಯಂತರ ಆಜ್ಞೆಯಿತ್ತಿತು. 23ರಂದು ಮುಖ್ಯಮಂತ್ರಿ ಕುಮಾರಸ್ವಾಮಿಯವರ ವಿಶ್ವಾಸಮತ ನಿರ್ಣಯವು 99 ಮತಗಳ ಎದುರು 105 ಮತಗಳಿಂದ ಬಿದ್ದುಹೋಯಿತು. 1989ರಲ್ಲಿ ಶಾಸಕರಿದ್ದರು, ಸದನವನ್ನು ಸೇರಗೊಡಲಿಲ್ಲ. 2019ರಲ್ಲಿ ಸದನವು ಸೇರಿತು, ಸರಕಾರದ ಅಳಿವು ಉಳಿವುಗಳನ್ನು ಕೈಯಲ್ಲಿ ಹಿಡಿದಿದ್ದ ಶಾಸಕರು ಅಲ್ಲಿರಲಿಲ್ಲ. ಪಕ್ಷಾಂತರವನ್ನು ತಡೆಯಲು 1985ರಲ್ಲಿ ಸಂವಿಧಾನಕ್ಕೆ ಸೇರಿಸಿದ ಹತ್ತನೆಯ ಅನುಸೂಚಿಯು ಸದನದಲ್ಲಿ ವಿರುದ್ಧವಾಗಿ ಮತ ಕೊಡುವವನನ್ನೂ ಅಪ್ಪಣೆ ಮೀರಿ ಮತದಾನದಿಂದ ದೂರ ಉಳಿಯುವವನನ್ನೂ ಅನರ್ಹಗೊಳಿಸುತ್ತದೆ. ರಾಜೀನಾಮೆಯಿತ್ತು ಹೊರಗುಳಿದವನನ್ನೂ ಸಭಾಧ್ಯಕ್ಷರು ಅನರ್ಹಗೊಳಿಸಬಹುದೆಂದು ಅದೇ ವರ್ಷದ ನವೆಂಬರ್ 13ರಂದು ಸರ್ವೋಚ್ಚ ನ್ಯಾಯಾಲಯವು ಒಪ್ಪಿದರೂ, ಅಂತಹವನು ಉಪಚುನಾವಣೆಯಲ್ಲಿ ಸ್ಪರ್ಧಿಸಿ ಮರಳಿ ಬರುವುದಕ್ಕೆ ಅಡ್ಡಿಯಿಲ್ಲವೆಂದಿತು. ಡಿಸೆಂಬರ್ 5ರಂದು ನಡೆದ ಉಪಚುನಾವಣೆಗಳಲ್ಲಿ ಅವರಲ್ಲಿ ಬಹುಮಂದಿ ಗೆದ್ದು, ಜುಲೈನಲ್ಲಿ ತಾವು ಕಾಲಿಡದೆ ಉಳಿದಿದ್ದ ಅದೇ ಸದನವನ್ನು ಎದುರು ಪಕ್ಷದ ಸದಸ್ಯರಾಗಿ ಪ್ರವೇಶಿಸಿದರು.